ಸಗಣಿಯಲ್ಲ ಸ್ವಾಮಿ, ಶೂರ

ಆಫೀಸಿನವರು ಮೂರು ತಿಂಗಳಿಗೆ ವಿಯೆಟ್ನಾಂನ ಹನೋಯ್‌ಗೆ ಕಳಿಸಿದಾಗ ನನಗಿದ್ದ ಚಿಂತೆ ಊಟದ್ದು. ಚೀಲದಲ್ಲಿ ಚಟ್ನಿಪುಡಿ, ಉಪ್ಪಿನಕಾಯಿ, ಎರಡು ಕೆಜಿ ಅವಲಕ್ಕಿ ಇತ್ತು. ಹೆಸರಿನಿಂದ ತೊಂದರೆ ಆಗಬಹುದು ಅಂತ ಯಾರೂ ಹೇಳಿರಲಿಲ್ಲ.

ಹೊರಡುವ ಎರಡು ದಿನ ಮುಂಚೆ ಅಲ್ಲಿಂದ ಒಂದು ಮೇಲ್ ಬಂತು. ಏರ್‌ಪೋರ್ಟಿಗೆ ನಾನೇ ಬರುತ್ತೇನೆ, ಗಾಬರಿ ಬೇಡ ಅಂತ ಬರೆದಿತ್ತು. ಕೆಳಗೆ ಹೆಸರು: ಡಿ, ಯು, ಎನ್, ಜಿ.

ಕನ್ನಡಕ ಒರೆಸಿಕೊಂಡು ಮತ್ತೆ ಓದಿದೆ. ಅವೇ ನಾಲ್ಕು ಅಕ್ಷರ. ಇಂಗ್ಲಿಷಿನಲ್ಲಿ ಸಗಣಿ. ನಾನು ಸಿರಾ ಕಡೆಯ ಹಳ್ಳಿಯವನು, ಸಗಣಿ ಅಂದರೆ ಮೂಗು ಮುರಿಯುವವನಲ್ಲ. ಅಂಗಳ ಸಾರಿಸಿದ್ದೇನೆ, ಬೆರಣಿ ತಟ್ಟಿದ್ದೇನೆ, ಉಂಡೆ ಮಾಡಿ ಗರಿಕೆ ಸಿಕ್ಕಿಸಿ ಬೆನಕ ಅಂತ ಕೈ ಮುಗಿದಿದ್ದೇನೆ. ಆದರೂ ಮೊದಲ ಸಲ ನೋಡುವವರನ್ನು ನಾಲ್ಕು ಜನರ ಮುಂದೆ ಹಾಗೆ ಕೂಗೋಕಾಗುತ್ತಾ? ವಿಮಾನದಲ್ಲಿ ಯೋಚಿಸಿ ಯೋಚಿಸಿ ಒಂದು ದಾರಿ ಹುಡುಕಿದೆ. 'ಡಂಗ್' ಬೇಡ, 'ಡೂಂಗ್' ಅನ್ನೋಣ. ಸ್ವಲ್ಪ ತಿಳಿದವನ ಹಾಗೂ ಕಾಣುತ್ತೇನೆ.

ನೋಯ್ ಬಾಯ್ ಏರ್‌ಪೋರ್ಟಿನ ಬಾಗಿಲಲ್ಲಿ ಐವತ್ತರ ಆಸುಪಾಸಿನ ಒಬ್ಬರು ಹಾಳೆ ಹಿಡಿದು ನಿಂತಿದ್ದರು. ಹಾಳೆಯ ಮೇಲೆ ನಮ್ಮಪ್ಪನ ಹೆಸರು. ರಂಗಪ್ಪ. ಅಪ್ಪ ಆ ಹೊತ್ತಿಗೆ ಊರಿನ ಜಗಲಿಯಲ್ಲಿ ಕೂತು ಕಡಲೆಕಾಯಿ ಬಿಡಿಸುತ್ತಿದ್ದರು.

"ಮಿಸ್ಟರ್ ರಂಗಪ್ಪ?" ಅಂದರು.

ನಾನು ಗುರುತು ಹಿಡಿದ ಖುಷಿಯಲ್ಲಿ ಕೂಗಿದೆ: "ಡೂಂಗ್!"

ಅವರ ಮುಖ ಅರಳಿತು. ಹೋಟೆಲ್ ತಲುಪುವವರೆಗೂ ಕಾರಿನಲ್ಲಿ ನನ್ನ ಜೊತೆ ಬರೀ ವಿಯೆಟ್ನಾಮೀಸ್ ಮಾತಾಡಿದರು. ನಾನು ತಲೆ ಆಡಿಸುತ್ತಾ ಕೂತೆ. ವಿಷಯ ಗೊತ್ತಾಗಿದ್ದು ಎರಡು ದಿನ ಬಿಟ್ಟು. 'ಡೂಂಗ್' ಅಂತ ದನಿ ಏರಿಸಿ ಹೇಳಿದರೆ ಅವರ ಭಾಷೆಯಲ್ಲಿ 'ಸರಿ, ಹೌದು' ಅಂತ ಅರ್ಥ. ರಂಗಪ್ಪ ನೀವೇನಾ ಅಂತ ಅವರು ಕೇಳಿದ್ದರು. ಹೌದು ಅಂತ ನಾನು ಅವರ ಭಾಷೆಯಲ್ಲೇ ಒಪ್ಪಿಕೊಂಡಿದ್ದೆ.

ಹನೋಯ್ ಮಾತಿನಲ್ಲಿ ಆರು ಸ್ವರ. ಒಂದೇ ಪದವನ್ನು ಏರಿಸಿದರೆ ಒಂದು ಅರ್ಥ, ಇಳಿಸಿದರೆ ಇನ್ನೊಂದು. ನನ್ನ ದನಿ ಎಲ್ಲಿ ಏರುತ್ತದೆ, ಎಲ್ಲಿ ಇಳಿಯುತ್ತದೆ ಅಂತ ನನಗೇ ಗೊತ್ತಿಲ್ಲ. ಒಂದು ಬೆಳಿಗ್ಗೆ ಅವರು ಲಿಫ್ಟಿನ ಗುಂಡಿ ಒತ್ತಲು ಕೈ ಚಾಚಿದ್ದರು. ಹಿಂದಿನಿಂದ ಕರೆದೆ. ಕಾದ ಬಾಣಲೆ ಮುಟ್ಟಿದವರ ಹಾಗೆ ಕೈ ಎಳೆದುಕೊಂಡರು. ಅವರಿಗೆ ಕೇಳಿಸಿದ್ದು 'ಬೇಡ!' ಇನ್ನೊಂದು ಸಂಜೆ ಅವರು ರಸ್ತೆ ದಾಟುವಾಗ ಕರೆದೆ. ಸ್ಕೂಟರುಗಳ ಹೊಳೆಯ ನಡುವೆ ಕಂಬದ ಹಾಗೆ ನಿಂತುಬಿಟ್ಟರು. ಈ ಸಲ ನನ್ನ ಬಾಯಿಂದ ಬಂದದ್ದು 'ನಿಂತ್ಕೋ!' ಹನೋಯ್‌ನಲ್ಲಿ ರಸ್ತೆ ದಾಟುವಾಗ ನಿಲ್ಲಲೇಬಾರದು. ನಿಧಾನವಾಗಿ ನಡೆಯುತ್ತಲೇ ಇರಬೇಕು, ಗಾಡಿಗಳೇ ಪಕ್ಕಕ್ಕೆ ಸರಿದು ಹೋಗುತ್ತವೆ. ಆ ಮನುಷ್ಯ ಉಳಿದದ್ದು ಅವರ ತಾಯಿ ಮಾಡಿದ ಪುಣ್ಯ.

ಸಾಲದ್ದಕ್ಕೆ ಲೆಕ್ಕದ ವಿಭಾಗದಲ್ಲೂ ಅದೇ ನಾಲ್ಕು ಅಕ್ಷರದವರು ಒಬ್ಬರಿದ್ದರು. ನನ್ನ ಊಟದ ಬಿಲ್ಲು ಅವರ ಹತ್ತಿರ ಇತ್ತು. ಅಷ್ಟರಲ್ಲಿ ನಾನು ಒಂದು ಮರ್ಯಾದೆ ಕಲಿತಿದ್ದೆ. ಅಲ್ಲಿ ಯಾರನ್ನೂ ಬರಿ ಹೆಸರಿನಿಂದ ಕರೆಯಬಾರದು. ನಮ್ಮ ಅಣ್ಣ, ಅಕ್ಕನ ಹಾಗೆ ಒಂದು ಪದ ಸೇರಿಸಬೇಕು. ಅಣ್ಣನಿಗೆ 'ಆನ್'. ಸರಿ, "ಆನ್ ಡಂಗ್ ಅವರೇ, ನನ್ನ ಬಿಲ್ಲು ಏನಾಯ್ತು?" ಅಂತ ಮೇಲ್ ಹಾಕಿದೆ.

ಹತ್ತು ನಿಮಿಷಕ್ಕೆ ಒಬ್ಬ ಹೆಣ್ಣುಮಗಳು ನನ್ನ ಮೇಜಿನ ಹತ್ತಿರ ಬಂದು ನಿಂತರು. "ಆ ಅಣ್ಣ ನಾನೇ" ಅಂದರು.

ತಡಬಡಾಯಿಸಿ 'ಚಿ' ಅಂದೆ, ಅಂದರೆ ಅಕ್ಕ. ಅದೂ ತಪ್ಪು. ಆಕೆ ನನಗಿಂತ ಎಂಟು ವರ್ಷ ಚಿಕ್ಕವರು, ತಂಗಿಯ ಲೆಕ್ಕ, 'ಎಮ್' ಅನ್ನಬೇಕಿತ್ತು. ಬೆಂಗಳೂರಿನ ತರಕಾರಿ ಅಂಗಡಿಯಲ್ಲಿ ಮೂವತ್ತರವರಿಗೆ 'ಆಂಟಿ' ಅಂದಾಗ ಆಗುವ ಮುಖ ನೋಡಿದ್ದೀರಲ್ಲ? ಅದೇ ಮುಖ. ವಿಯೆಟ್ನಾಂನಲ್ಲಿ ಪರಿಚಯ ಆದ ಕೂಡಲೇ ವಯಸ್ಸು ಕೇಳುವುದು ಸುಮ್ನೆ ಕುತೂಹಲಕ್ಕಲ್ಲ. ವಯಸ್ಸು ಗೊತ್ತಾಗದೆ ಮಾತೇ ಮುಂದೆ ಹೋಗಲ್ಲ.

ಆ ಮಧ್ಯಾಹ್ನ ಊಟಕ್ಕೆ ಕೂತಾಗ ಆಕೆಯೇ ಹೆಸರಿನ ಪಾಠ ಮಾಡಿದರು. ಮೊದಲ ವಿಷಯ, ಅದು 'ಡ' ಅಲ್ಲವೇ ಅಲ್ಲ. ಅವರ ಲಿಪಿಯಲ್ಲಿ ಡಿ ಎರಡು. ಹೊಟ್ಟೆಗೆ ಅಡ್ಡಗೆರೆ ಎಳೆದದ್ದು ನಮ್ಮ 'ಡ'. ಗೆರೆ ಇಲ್ಲದ್ದನ್ನು ಹನೋಯ್‌ನವರು ಝೂ ಅನ್ನುವಾಗಿನ 'ಝ' ಅಂತಾರೆ. ರೋಮನ್ ಅಕ್ಷರ ತಂದವರು ಯುರೋಪಿನ ಪಾದ್ರಿಗಳು. 1651ರಲ್ಲಿ ಅಲೆಕ್ಸಾಂದ್ರ್ ದ ರೋಡ್ ಎಂಬ ಪಾದ್ರಿಯ ನಿಘಂಟು ರೋಮ್‌ನಲ್ಲಿ ಅಚ್ಚಾಯಿತು. ಆ ಗೆರೆ ಅದರಲ್ಲೇ ಇದೆ. ನನ್ನ ಪಾಡಿಗೆ ಅವರೇ ಕಾರಣ ಅನ್ನೋಣ ಅಂದರೆ, ಗೆರೆಯನ್ನು ಅವರು ಹಾಕಿದ್ದಾರೆ, ನೋಡದವನು ನಾನು.

ಅಂದರೆ ಇಬ್ಬರೂ 'ಝೂಂಗ್'. ಆದರೆ ಒಂದೇ ಹೆಸರಲ್ಲ. ಗಂಡಸಿನ ಹೆಸರಿಗೆ ಯು ಮೇಲೆ ಅಲೆಯಂಥ ಗುರುತು ಇದೆ. ದನಿ ನಡುವೆ ಬಿಕ್ಕಳಿಕೆ ಬಂದ ಹಾಗೆ ತುಂಡಾಗಿ ಮೇಲೇರಬೇಕು. ಅದರ ಅರ್ಥ ಧೈರ್ಯ, ಶೌರ್ಯ. ಮೂಲ ಚೀನೀ ಪದ. ಅವರ ನಾಡು ಸುಮಾರು ಸಾವಿರ ವರ್ಷ ಚೀನಾದ ಕೈಕೆಳಗಿತ್ತು. ಹಾಗಾಗಿ ನಾವು ಹೆಸರಿಡಲು ಸಂಸ್ಕೃತಕ್ಕೆ ಕೈ ಹಾಕುವ ಹಾಗೆ ಅವರು ಹಳೆಯ ಚೀನೀ ಪದಗಳಿಗೆ ಕೈ ಹಾಕುತ್ತಾರೆ. ತಮಾಷೆ ಅಂದರೆ, 'ಝೂಂಗ್ ಅಣ್ಣ' ಅನ್ನಲು 'ಆನ್ ಝೂಂಗ್' ಅಂದರೆ ಸಾಕು, 'ವೀರ' ಅಂತಲೂ ಆಗುತ್ತದೆ! ಇಂಥ ಹೆಸರನ್ನು ನಾನು ಸಗಣಿ ಮಾಡಿದ್ದೆ. 2006ರಿಂದ 2016ರವರೆಗೆ ಅಲ್ಲಿ ಪ್ರಧಾನಿಯಾಗಿದ್ದ ನ್ಗುಯೆನ್ ತಾನ್ ಝೂಂಗ್ ಹೆಸರೂ ಇದೇ. ಅವರನ್ನೂ ಹತ್ತು ವರ್ಷ ಪೇಪರಿನಲ್ಲಿ 'ಡಂಗ್' ಅಂತಲೇ ಓದಿಕೊಂಡಿದ್ದೆ.

ಆಕೆಯ ಹೆಸರಿಗೆ ಗುರುತಿಲ್ಲ, ದನಿ ಸಮತಟ್ಟು. ಅರ್ಥ ಚೆಲುವು, ಮುಖದ ಕಳೆ. ಹಿಂದಿನವರು ಹೆಂಗಸಿಗೆ ನಾಲ್ಕು ಗುಣ ಇರಬೇಕು ಅಂತ ಪಟ್ಟಿ ಮಾಡಿದ್ದರು: ಕೆಲಸ, ರೂಪ, ಮಾತು, ನಡತೆ. ಅದರಲ್ಲಿ ಎರಡನೆಯದು ಇದು. "ಗಂಡಸರಿಗೂ ಒಂದು ಪಟ್ಟಿ ಇತ್ತು, ಅದರಲ್ಲಿ ರೂಪ ಇರಲಿಲ್ಲ" ಅಂತ ಆಕೆ ನನ್ನ ಹೊಟ್ಟೆ ನೋಡಿ ನಕ್ಕರು.

ಈ ಹೆಸರಿನ ರಾಜಕುಮಾರಿಯ ಕಥೆಯೊಂದಿದೆ, ತಿಯೆನ್ ಝೂಂಗ್ ಅಂತ. ಒಬ್ಬ ಬಡ ಅಪ್ಪ, ಮಗ. ಇಬ್ಬರಿಗೂ ಸೇರಿ ಒಂದೇ ಲಂಗೋಟಿ. ಅಪ್ಪ ಸತ್ತಾಗ ಮಗ ಅದನ್ನು ಅಪ್ಪನಿಗೇ ಉಡಿಸಿ ಮಣ್ಣು ಮಾಡಿದ. ಆಮೇಲೆ ಬರಿಮೈಯಲ್ಲಿ ನದಿಯ ನೀರಿನಲ್ಲೇ ಅವನ ಬದುಕು. ಒಂದು ದಿನ ರಾಜಕುಮಾರಿಯ ದೋಣಿ ಬಂತು. ಅವನು ನಾಚಿ ಮರಳಲ್ಲಿ ಹೂತುಕೊಂಡ. ಆಕೆ ಸರಿಯಾಗಿ ಅದೇ ಜಾಗದಲ್ಲಿ ಪರದೆ ಕಟ್ಟಿಸಿ ಸ್ನಾನಕ್ಕೆ ನಿಂತಳು. ನೀರು ಸುರಿದ ಹಾಗೆ ಮರಳು ಕೊಚ್ಚಿಹೋಯಿತು! ಇದು ದೈವದ ಇಚ್ಛೆ ಅಂತ ಆಕೆ ಅವನನ್ನೇ ಮದುವೆಯಾದಳು. ಅವನು ಈಗ ವಿಯೆಟ್ನಾಂನ ನಾಲ್ಕು ಅಮರರಲ್ಲಿ ಒಬ್ಬ, ಹುಂಗ್ ಯೆನ್‌ನಲ್ಲಿ ಗುಡಿ ಇದೆ. ಅವನ ಪೇಚಿನ ಮುಂದೆ ನನ್ನದು ಯಾವ ಲೆಕ್ಕ ಅಂತ ಸ್ವಲ್ಪ ಸಮಾಧಾನ ಆಯಿತು.

ಆಗ ಬಾಯಿ ಬಿಟ್ಟೆ: "ಅಂದಹಾಗೆ, ರಂಗಪ್ಪ ನನ್ನ ಹೆಸರಲ್ಲ. ಅಪ್ಪನದು."

ಮೇಜಿನ ಸುತ್ತ ಚಾಪ್‌ಸ್ಟಿಕ್ಕುಗಳು ನಿಂತವು. ಅವರಲ್ಲಿ ಮನೆತನದ ಹೆಸರು ಮೊದಲು, ಸ್ವಂತ ಹೆಸರು ಕೊನೆಗೆ. ಹತ್ತರಲ್ಲಿ ಮೂರ್ನಾಲ್ಕು ಜನ ನ್ಗುಯೆನ್ ಆಗಿರುವಾಗ ಮನೆತನದ ಹೆಸರು ಕೂಗಿ ಏನು ಪ್ರಯೋಜನ? ಕೊನೆಯದನ್ನೇ ಕರೆಯುತ್ತಾರೆ. ನನ್ನ ಪಾಸ್‌ಪೋರ್ಟಿನ ಕೊನೆಯಲ್ಲಿ ಅಪ್ಪ ಕೂತಿದ್ದರು. ಇಡೀ ಆಫೀಸು ವಾರದಿಂದ ಅಪ್ಪನನ್ನೇ ಕರೆದಿತ್ತು. ಅಲ್ಲಿ ಹಳ್ಳಿ ಹುಡುಗರು ಜಗಳ ಆದಾಗ ಎದುರಾಳಿಯ ಅಪ್ಪನ ಹೆಸರು ಹಿಡಿದು ಕೂಗುತ್ತಾರಂತೆ. ಬೈಗುಳದ ಸಮ. ಝೂಂಗ್ ಅಣ್ಣ ಎದ್ದು ನಿಂತು ಕ್ಷಮೆ ಕೇಳಿದರು.

ಹಿರಿಯರ ಹೆಸರೆತ್ತಲು ಅವರಿಗೆ ಅಷ್ಟು ಅಂಜಿಕೆ. ಥಿಯೂ ಚೀ ದೊರೆಯ (1841–1847) ತಾಯಿಯ ಹೆಸರು 'ಹ್ವಾ', ಅಂದರೆ ಹೂವು. ಆ ಹೆಸರು ಜನರ ಬಾಯಲ್ಲಿ ಬರಬಾರದು ಅಂತ 'ಥಾನ್ ಹ್ವಾ' ಪ್ರಾಂತ್ಯದ ಹೆಸರನ್ನೇ ಬದಲಾಯಿಸಿದರು. ಬದಲಾಗಿ ಏನಿಟ್ಟರು? 'ಥಾನ್ ಹ್ವಾ'! ಸ್ವರ ಮಾತ್ರ ಏರಿಸಿದರು. ನಮ್ಮ ಕಿವಿಗೆ ಎರಡೂ ಒಂದೇ, ಅವರಿಗೆ ಇಡೀ ಪ್ರಾಂತ್ಯವೇ ಬೇರೆ ಆಯಿತು. ನಮ್ಮಜ್ಜಿ ಈ ದೊರೆಯನ್ನು ಮೆಚ್ಚುತ್ತಿದ್ದಳು. ತಾತನ ಹೆಸರು ಕಲ್ಲಪ್ಪ ಅಂತ ಸಾಯುವವರೆಗೂ ಕಲ್ಲುಸಕ್ಕರೆಗೆ 'ಗಟ್ಟಿ ಸಕ್ಕರೆ' ಅಂದವಳು ಅವಳು.

ರಾತ್ರಿ ಅಮ್ಮನಿಗೆ ಫೋನು ಮಾಡಿ ಹೇಳಿದೆ.

"ಅಪ್ಪನ ಹೆಸರು ಹಿಡಿದು ಕರೆದ್ರಾ? ಯಾರೋ ಅವನು?"

"ಝೂಂಗ್ ಅಂತ ಅಮ್ಮ. ಧೈರ್ಯವಂತ ಅಂತ ಅರ್ಥ."

"ಏನು, ಜುಂಜಪ್ಪನಾ?"

ಜುಂಜಪ್ಪ ನಮ್ಮ ಕಡೆಯ ದೇವರು, ಕಾಡುಗೊಲ್ಲರ ವೀರ. ಅಮ್ಮನ ಕೋಪ ಅಲ್ಲಿಗೇ ಇಳಿಯಿತು. ಅವತ್ತಿನಿಂದ "ಜುಂಜಪ್ಪ ಚೆನ್ನಾಗವನಾ?" ಅಂತ ದಿನಾ ವಿಚಾರಿಸಿದಳು.

ನಾನು ಹಟಕ್ಕೆ ಬಿದ್ದು ಕಲಿತೆ. ಬಿಕ್ಕಳಿಕೆ ಬಂತು. ಕೊನೆಯಲ್ಲಿ ಎಲೆಅಡಿಕೆ ತುಂಬಿಕೊಂಡವರ ಹಾಗೆ ತುಟಿ ಮುಚ್ಚುವುದೂ ಬಂತು. ಮೂರನೇ ತಿಂಗಳಲ್ಲಿ ಸೈಗಾನ್‌ಗೆ ಹೋಗಬೇಕಾಯಿತು. ಅಲ್ಲೂ ಒಬ್ಬ ಝೂಂಗ್ ಅವರನ್ನು ನೋಡಬೇಕಿತ್ತು. ಸ್ವಾಗತದ ಮೇಜಿನ ಹುಡುಗಿಯ ಮುಂದೆ ಎದೆ ಉಬ್ಬಿಸಿ, ಬಿಕ್ಕಿ, ತುಟಿ ಮುಚ್ಚಿ ಹೇಳಿದೆ.

ಆಕೆ ಒಂದು ಕ್ಷಣ ನೋಡಿದಳು. "ಓ, ಯೂಂಗ್ ಅವರಾ?" ಅಂದಳು. ದಕ್ಷಿಣದಲ್ಲಿ ಆ ಡಿ 'ಯ' ಆಗುತ್ತದಂತೆ. ಬಿಕ್ಕಳಿಕೆಯೂ ಇಲ್ಲವಂತೆ.

ಅಮ್ಮನಿಗೆ ಹೇಳಿದೆ. "ನೀನು ಸುಮ್ನೆ ಜುಂಜಪ್ಪ ಅನ್ನು" ಅಂದಳು.