ಕರಗುವ ಗುಂಟೆ, ಕುಗ್ಗುವ ಗೊಮ್ಮಟ

ನಮ್ಮ ಹೊಲ ತಾತನ ಕಾಲದಲ್ಲಿ 2 ಎಕರೆ 10 ಗುಂಟೆ ಇತ್ತು. ಅಪ್ಪನ ಕಾಲಕ್ಕೆ ಅಳತೆಯವರು ಬಂದು ಚೈನು ಎಳೆದು 2 ಎಕರೆ 7 ಗುಂಟೆ ಮಾಡಿದರು. ಮೊನ್ನೆ ಉಪಗ್ರಹದ ಜೊತೆ ನೇರ ಮಾತಾಡುವ ರೋವರ್ ಕೋಲು ಹಿಡಿದು ಬಂದವರು ಅದನ್ನು 2 ಎಕರೆ 4 ಗುಂಟೆಗೆ ತಂದು ನಿಲ್ಲಿಸಿದ್ದಾರೆ. ಸಲಕ್ಕೆ 3 ಗುಂಟೆ. ಇದೇ ವೇಗದಲ್ಲಿ ಹೋದರೆ ಇನ್ನು 28 ತಲೆಮಾರಿಗೆ ನಮ್ಮ ವಂಶ ಭೂರಹಿತವಾಗುತ್ತದೆ. ಆಗ ಸರ್ಕಾರಿ ಜಮೀನಿಗೆ ಬಗರ್‌ಹುಕುಂ ಅರ್ಜಿ ಹಾಕಿಕೊಳ್ಳಬಹುದು, ಅಲ್ಲಿಯವರೆಗೆ ತಡೆದುಕೊಳ್ಳಬೇಕು ಅಷ್ಟೆ.

ಹೋದ ಗುಂಟೆ ಹೋಯಿತೆಲ್ಲಿಗೆ? ಪಕ್ಕದ ಹೊಲದ ಚಿಕ್ಕಪ್ಪನ ಮೇಲೆ ನನಗೆ ಗುಮಾನಿಯಿತ್ತು. ಕೇಳಿದರೆ ಅವರದ್ದೂ 5 ಗುಂಟೆ ಕಮ್ಮಿ ಬಂದಿದೆಯಂತೆ, ಅವರ ಗುಮಾನಿ ನನ್ನ ಮೇಲೆ. ಅವರಾಚೆ ತೆಂಗಿನ ತೋಟದವರದ್ದೂ ಕಮ್ಮಿ. ಹೀಗೆ ಊರವರೆಲ್ಲ ಕಳಕೊಂಡ ಗುಂಟೆಗಳು ಒಂದು ಕಡೆ ಸೇರಿ, ಚನ್ನರಾಯಪಟ್ಟಣಕ್ಕೂ ಹಾಸನಕ್ಕೂ ನಡುವೆ ಎಲ್ಲೋ ಒಂದು ಹೊಸ ಊರೇ ಎದ್ದಿರಬೇಕು. ಅದಕ್ಕೆ ಇನ್ನೂ ಬಸ್ಸು ಬಿಟ್ಟಿಲ್ಲ.

ನಮ್ಮ ಜಿಲ್ಲೆಗೆ ಇದು ಹೊಸ ರೋಗವಲ್ಲ ಎಂಬುದೊಂದೇ ಸಮಾಧಾನ. ಶ್ರವಣಬೆಳಗೊಳದ ಗೊಮ್ಮಟನನ್ನೇ ನೋಡಿ. ಚಾವುಂಡರಾಯ ನಿಲ್ಲಿಸಿ ಸಾವಿರ ವರ್ಷ ದಾಟಿದೆ. ಅವನು ಅಲುಗಿಲ್ಲ, ಒತ್ತುವರಿ ಮಾಡಿಲ್ಲ, ಅಕ್ಕಪಕ್ಕದವರ ತಕರಾರೂ ಇಲ್ಲ. ಆದರೂ ಟಿಪ್ಪು ಬಿದ್ದ ಮೇಲೆ ಮೈಸೂರು ಸೀಮೆ ಸುತ್ತಿದ ಬುಕಾನನ್ ಅವನ ಎತ್ತರ 70 ಅಡಿ 3 ಇಂಚು ಎಂದು ಬರೆದ. ಮುಂದೆ ವಾಟರ್‌ಲೂನಲ್ಲಿ ನೆಪೋಲಿಯನ್ನನನ್ನು ಸೋಲಿಸಿದ ಆರ್ಥರ್ ವೆಲ್ಲೆಸ್ಲಿಯ ಲೆಕ್ಕದಲ್ಲಿ 60 ಅಡಿ 3 ಇಂಚು. ಆಮೇಲೆ ಚೀಫ್ ಕಮಿಷನರ್ ಬೌರಿಂಗ್ ನಿಜಕ್ಕೂ ಅಳತೆ ಮಾಡಿಸಿದ: 57 ಅಡಿ! ಎಪ್ಪತ್ತು ವರ್ಷದೊಳಗೆ ಗೊಮ್ಮಟ 13 ಅಡಿ 3 ಇಂಚು ಕಳಕೊಂಡ. ಪಾಪ, ಎಲ್ಲವನ್ನೂ ಬಿಟ್ಟು ನಿಂತವನು, ಇದಕ್ಕೂ ಅರ್ಜಿ ಹಾಕಲಿಲ್ಲ.

ಅದೇ ಬೌರಿಂಗನ ಆಡಳಿತದಲ್ಲಿ, 1863ರಲ್ಲಿ, ನಮ್ಮ ಹೊಲಗಳ ಕಂದಾಯ ಸರ್ವೆಯೂ ಶುರುವಾದದ್ದು. 33 ಅಡಿಯ ಚೈನು, ಚೈನಿಗೆ 16 ಆಣೆ, ಚೈನು ಉದ್ದ ಚೈನು ಅಗಲ ಅಂದರೆ ಒಂದು ಗುಂಟೆ, 40 ಗುಂಟೆಗೆ ಎಕರೆ. ಉಳಲಾಗದ ಜಾಗ ಖರಾಬು, ಅದನ್ನು ಲೆಕ್ಕದಿಂದ ಕಳೆಯುವುದು. ಚೈನು ಬಿಗಿಯಾಗಿ ಎಳೆದರೆ ಹೊಲ ಕುಗ್ಗುತ್ತದೆ, ಸಡಿಲ ಬಿಟ್ಟರೆ ಹಿಗ್ಗುತ್ತದೆ. ಚೈನಿನ ತುದಿ ಹಿಡಿದವನಿಗೆ ನಮ್ಮ ತಾತ ಎಳನೀರು ಕೊಚ್ಚಿ ಕೊಡುತ್ತಿದ್ದುದು ಬರೀ ಅತಿಥಿ ಸತ್ಕಾರವಲ್ಲ.

ಅದಕ್ಕೂ ಮೊದಲು ಅಳೆದವರ ಕಥೆ ಬೇರೆ. ಇಂಗ್ಲಿಷರ ದಂಡಿನಲ್ಲಿ ಲ್ಯಾಂಬ್ಟನ್ ಎಂಬೊಬ್ಬ ಸರ್ವೆಯವನು ಇದ್ದ. 1799ರಲ್ಲಿ ಶ್ರೀರಂಗಪಟ್ಟಣದ ಬಳಿ ರಾತ್ರಿ ದಂಡು ಹೊರಟಾಗ, ನಕ್ಷತ್ರ ನೋಡಿ, ನಾವು ಹೋಗಬೇಕಾದದ್ದು ಉತ್ತರಕ್ಕೆ, ಹೋಗುತ್ತಿರುವುದು ದಕ್ಷಿಣಕ್ಕೆ, ನೆಟ್ಟಗೆ ಟಿಪ್ಪುವಿನ ಸೈನ್ಯದ ಬಾಯಿಗೆ ಎಂದು ಜನರಲ್ ಬೇರ್ಡನಿಗೆ ಹೇಳಿದನಂತೆ. ನಕ್ಷತ್ರ ಕೇಳದೆಯೂ ನನಗೆ ದಾರಿ ಗೊತ್ತು ಎಂದ ಜನರಲ್. ಕೊನೆಗೆ ಲ್ಯಾಂಬ್ಟನ್ ಹೇಳಿದ್ದೇ ನಿಜವಾಯಿತು. ಆ ಜನರಲ್ಲನ ಪೀಳಿಗೆ ನಮ್ಮ ಕಚೇರಿಗಳಲ್ಲಿ ಇನ್ನೂ ಮುಂದುವರಿದಿದೆ, ಅದಕ್ಕೆ ಬರುತ್ತೇನೆ.

ಈ ಲ್ಯಾಂಬ್ಟನ್ನನ ಉಕ್ಕಿನ ಚೈನು ಚೀನಾದ ಚಕ್ರವರ್ತಿಗೆ ಉಡುಗೊರೆಯಾಗಿ ಹೋಗಿ, ಬೇಡವೆನಿಸಿಕೊಂಡು ಬಂದದ್ದು. ಬಿಸಿಲಿಗೆ ಉಕ್ಕು ಹಿಗ್ಗುತ್ತದೆಂದು ಅವನು ಅದನ್ನು ಮರದ ಪೆಟ್ಟಿಗೆಯಲ್ಲಿ ಮಲಗಿಸಿ, ಜ್ವರದ ಮಗುವಿಗೆ ಇಟ್ಟಂತೆ ಪಕ್ಕದಲ್ಲಿ ಥರ್ಮಾಮೀಟರ್ ಇಟ್ಟು ಅಳೆಯುತ್ತಿದ್ದ. 1802ರಲ್ಲಿ ಮದರಾಸಿನಲ್ಲಿ ಏಳೂವರೆ ಮೈಲಿ ಅಳೆಯಲು 57 ದಿನ ಹಿಡಿಯಿತು. ಕೋನ ಅಳೆಯುವ ಅವನ ಅರ್ಧ ಟನ್ ತೂಕದ ಥಿಯೊಡಲೈಟ್ ಬರುತ್ತಿದ್ದ ಹಡಗನ್ನು ಶತ್ರುಗಳಾದ ಫ್ರೆಂಚರು ಹಿಡಿದು ಮಾರಿಷಸ್‌ಗೆ ಒಯ್ದರು. ಆಮೇಲೆ ಅವರೇ ಮರ್ಯಾದೆಯಿಂದ ಕಳಿಸಿಕೊಟ್ಟರು. ಹೊಲದ ಭಾಗ ಬೇರೆ ಮಾಡಿಸುವ ನನ್ನ ಪೋಡಿ ಕಡತ ಮಹಡಿಯಿಂದ ಕೆಳಗಿಳಿದು ಬರಲು ಹದಿನಾಲ್ಕು ತಿಂಗಳಾಯಿತು. ನಡುವೆ ಸಮುದ್ರವೂ ಇರಲಿಲ್ಲ, ಫ್ರೆಂಚರೂ ಇರಲಿಲ್ಲ.

ಮದರಾಸಿನಿಂದ ಮಂಗಳೂರಿನವರೆಗೆ ಅಳೆದು ಮುಗಿಸಿದಾಗ, ಹಳೆಯ ನಕ್ಷೆಯಲ್ಲಿ 400 ಮೈಲಿ ಇದ್ದ ನೆಲ 360 ಮೈಲಿಯೇ ಎಂದು ಗೊತ್ತಾಯಿತು. ಒಂದೇ ಏಟಿಗೆ 40 ಮೈಲಿ ಮಾಯ! ಯಾರೂ ತಕರಾರು ಅರ್ಜಿ ಕೊಡಲಿಲ್ಲ. ನಾವು ಆರು ಗುಂಟೆಗೆ ವಕೀಲರನ್ನು ಸಾಕುತ್ತೇವೆ.

ಇನ್ನು ಮೆಕೆಂಜಿ. ಸ್ಕಾಟ್ಲೆಂಡಿನ ಲೂಯಿಸ್ ದ್ವೀಪದಿಂದ ಬಂದು ಮೈಸೂರು ಸೀಮೆ ಪೂರ್ತಿ, ಸುಮಾರು 40,000 ಚದರ ಮೈಲಿ, ಅಳೆಸಿದ ಪುಣ್ಯಾತ್ಮ. ಕಾಡುಜ್ವರಕ್ಕೆ ಜನ ಮಲಗಿದರು, ಕಂಪನಿ ಖರ್ಚಿಗೆ ಕತ್ತರಿ ಹಾಕಿತು, ಆದರೂ ಬಿಡಲಿಲ್ಲ. ದೋಚುವವರ ಚಾಕರಿ ಮಾಡಿದವನು, ಅನುಮಾನವಿಲ್ಲ. ಆದರೆ ದೋಚುವುದಕ್ಕಾದರೂ ಮೊದಲು ಸರಿಯಾಗಿ ಅಳೆಯಬೇಕೆಂಬ ಶಿಸ್ತು ಅವರಿಗಿತ್ತು. ಕಾವಲಿ ಬೋರಯ್ಯ ಮತ್ತವನ ತಮ್ಮಂದಿರನ್ನು ಊರೂರಿಗೆ ಕಳಿಸಿ, ಹಿರಿಯರನ್ನು ಮಾತಾಡಿಸಿ ಊರಿನ ಚರಿತ್ರೆ ಹೇಳುವ ಕೈಫಿಯತ್ತು ಬರೆಸಿಕೊಂಡ. 1816ರ ಅವನ ಚಿತ್ರಪಟದಲ್ಲಿ ಹಿಂದೆ ಬೆಟ್ಟದ ಮೇಲೆ ಒಬ್ಬ ಗೊಮ್ಮಟ, ಪಕ್ಕದಲ್ಲೇ ಸರ್ವೆಯ ಗುರುತಿನ ಕಂಬ. ಹಿಗ್ಗಬೇಡಿ, ಆ ಗೊಮ್ಮಟ ನಮ್ಮವನಲ್ಲ, ಕಾರ್ಕಳದವನು. ನಮ್ಮವನ ಅಳತೆಯೇ ಇತ್ಯರ್ಥವಾಗಿರಲಿಲ್ಲವಲ್ಲ.

ಈಗ ನಮ್ಮ ಹೊಲದ ಮೊನ್ನೆಯ ಅಳತೆ. ಈಶಾನ್ಯ ಮೂಲೆಯಲ್ಲಿ ಕತ್ತಾಳೆ ಪೊದೆ ಸವರಿದರೆ ಗಡಿ ಗುರುತಿನ ಹಳೇ ಬಾಂದುಗಲ್ಲು ಇದೆ. ಅರ್ಧ ಹೂತಿದೆ, ಮೇಲೆ ಪಾಚಿ, ತಲೆ ಮೇಲೆ ಕುಡುಗೋಲು ಮಸೆದ ಗುರುತು. ನಮ್ಮಜ್ಜಿ ಯುಗಾದಿಗೆ ಅದಕ್ಕೂ ಅರಿಶಿನ ಕುಂಕುಮ ಇಡುತ್ತಿದ್ದಳು. ಬಂದ ಹುಡುಗ ರೋವರ್ ಕೋಲನ್ನು ಕಲ್ಲಿನಿಂದ ಆರು ಹೆಜ್ಜೆ ಒಳಗೆ, ನಮ್ಮ ಆಲೂಗಡ್ಡೆ ಸಾಲಿನ ಮಧ್ಯೆ ಊರಿದ.

"ಕಲ್ಲು ಅಲ್ಲೈತೆ ಸಾರ್" ಅಂದೆ.

"ಕಲ್ಲು ರಾಂಗ್ ಜಾಗದಲ್ಲಿದೆ ಅಣ್ಣಾ. ಸ್ಕ್ರೀನಲ್ಲಿ ಪಾಯಿಂಟ್ ಇಲ್ಲೇ ತೋರಿಸ್ತಿದೆ."

"ನಮ್ಮ ತಾತ ಹುಟ್ಟೋಕೆ ಮುಂಚಿಂದ ಅಲ್ಲೇ ಐತೆ ಕಣಪ್ಪ."

"ಅಷ್ಟು ವರ್ಷದಿಂದ ರಾಂಗ್ ಇದೆ ಅಂತಾಯ್ತು."

ಚಿಕ್ಕಪ್ಪ ಬದುವಿನ ಮೇಲೆ ಕೂತು ಬೀಡಿ ಹಚ್ಚುತ್ತಾ, "ಮೂಲ ಟಿಪ್ಪಣಿ ತಗ್ದು ನೋಡ್ರಪ್ಪ" ಅಂದರು. ಹಳೇ ಸರ್ವೆಯ ಕೈನಕ್ಷೆಯಾದ ಆ ಟಿಪ್ಪಣಿಯ ನಕಲು ಹುಡುಗನ ಚೀಲದಲ್ಲೇ ಇತ್ತು. ಬಿಚ್ಚಿ ಹಿಡಿದ. ನಮ್ಮ ಈಶಾನ್ಯ ಮೂಲೆ ಇರಬೇಕಾದ ಜಾಗದಲ್ಲಿ ಗೆದ್ದಲು ತಿಂದ ತೂತು, ಝೆರಾಕ್ಸಿನಲ್ಲಿ ಕಪ್ಪಗೆ ದುಂಡಗೆ ಮೂಡಿತ್ತು. ಆರು ಗುಂಟೆಯನ್ನು ತಿಂದವರು ಯಾರೆಂದು ಅಲ್ಲಿಗೆ ಪತ್ತೆಯಾಯಿತು. ಆದರೆ ಗೆದ್ದಲಿನ ಮೇಲೆ ಒತ್ತುವರಿ ಕೇಸು ಹಾಕಲು ನಮೂನೆ ಇಲ್ಲವಂತೆ.

ವಾರ ಬಿಟ್ಟು ಹಿಂಬರಹ ಬಂತು: "ಮೂಲ ದಾಖಲೆ ಶಿಥಿಲವಾಗಿರುವುದರಿಂದ ಅಳತೆಯನ್ನು ದೃಢೀಕರಿಸಲು ಅವಕಾಶವಿರುವುದಿಲ್ಲ. ಮರು ಅಳತೆಗೆ ಶುಲ್ಕ ಪಾವತಿಸಿ ಹೊಸದಾಗಿ ಅರ್ಜಿ ಸಲ್ಲಿಸುವುದು." ಕಂದಾಯ ಮಾತ್ರ 2 ಎಕರೆ 10 ಗುಂಟೆಗೇ ಬಂದಿದೆ. ಆ ಕಾಗದಕ್ಕೆ ಗೆದ್ದಲು ಹಿಡಿಯುವುದಿಲ್ಲ.

ಮನಸ್ಸು ಕೆಟ್ಟು ಭಾನುವಾರ ಬೆಳಗೊಳಕ್ಕೆ ಹೋದೆ. ಬೆಟ್ಟ ಹತ್ತಿ ಗೊಮ್ಮಟನ ಪಾದದ ಬಳಿ ಬೆವರು ಒರೆಸಿಕೊಳ್ಳುತ್ತಿದ್ದಾಗ, ಗೈಡೊಬ್ಬ ಪ್ರವಾಸಿಗಳಿಗೆ 58 ಅಡಿ ಎಂದು ವಿವರಿಸುತ್ತಿದ್ದ. ತಡೆಯಲಾಗದೆ ಕೇಳಿದೆ:

"57 ಅಲ್ವೇನಣ್ಣ?"

ಅವನು ನನ್ನನ್ನು ಮೇಲಿಂದ ಕೆಳಗೆ ನೋಡಿ, ಯಾವೂರಿನವನೆಂದು ಅಂದಾಜು ಮಾಡಿಕೊಂಡು, ದನಿ ತಗ್ಗಿಸಿ ಹೇಳಿದ:

"ಖರಾಬು ಕಳುದ್ರೆ 57 ಯಜಮಾನ್ರೆ."