ಅವ್ವನ ಮಾತಲ್ಲಿ ಒಂದು ಸಿನಿಮಾ

ನಾನು ಗದಗಿನವನು. ಕೇರಳದ ಕೋಳಿಕ್ಕೋಡಿಗೆ, ಅಂದರೆ ಕಲ್ಲಿಕೋಟೆಗೆ, ಬಂದು ಒಂಬತ್ತು ವರ್ಷ ಆಯಿತು. ಇಲ್ಲಿನ ಗೆಳೆಯರ ಜೊತೆ 2021ರ ಮಲಯಾಳ ಸಿನಿಮಾ 'ತಿಂಗಳಾಳ್ಚ ನಿಶ್ಚಯಂ' ನೋಡಿದ್ದು ಇನ್ನೂ ನೆನಪಿದೆ. ಕಾಸರಗೋಡು ಜಿಲ್ಲೆಯ ಕಾಞಂಗಾಡು, ಕನ್ನಡದಲ್ಲಿ ನಾವು ಹೊಸದುರ್ಗ ಅನ್ನುವ ಊರು. ಅಲ್ಲಿನ ಒಂದು ಮನೆ. ಮಗಳ ನಿಶ್ಚಯದ ಗಡಿಬಿಡಿ. ಅಪ್ಪ ಹೇಳಿದ್ದೇ ನಡೆಯಬೇಕು, ಮಗಳಿಗೆ ಆ ಹುಡುಗ ಬೇಡ. ಎಲ್ಲರೂ ಆಡುವುದು ಅಪ್ಪಟ ಕಾಸರಗೋಡು ಕಡೆಯ ಮಲಯಾಳ. ತಿರುವನಂತಪುರದ ಗೆಳೆಯ ನಡುನಡುವೆ ನಿಲ್ಲಿಸಿ 'ಏನಂದ್ರು?' ಅಂತ ಪಕ್ಕದವರನ್ನು ಕೇಳುತ್ತಿದ್ದ. ಆದರೆ ಆ ಮಾತು ಕೇಳಿ ಯಾರೂ ನಗಲಿಲ್ಲ.

ಅದು ನನಗೆ ತುಂಬಾ ತಟ್ಟಿತು. ನಮ್ಮ ಸಿನಿಮಾದಲ್ಲಿ ಉತ್ತರ ಕರ್ನಾಟಕದ ಮಾತು ಬಂದರೆ, ಹೆಚ್ಚಿನ ಸಲ ಅದು ನಗಿಸುವವನ ಬಾಯಲ್ಲಿ. ನಾಯಕ ಪ್ರೀತಿ ಮಾಡುವುದು, ಅಳುವುದು ಬೆಂಗಳೂರು, ಮೈಸೂರು ಕಡೆಯ ಕನ್ನಡದಲ್ಲಿ. ನನ್ನ ಅವ್ವ ಕಣ್ಣೀರು ಹಾಕುತ್ತಾ 'ಯಾಕ ಹಿಂಗ ಮಾಡ್ತೀಯೋ ಯಪ್ಪಾ' ಅಂತಾಳೆ. ಅದರಲ್ಲಿ ನಗುವಂಥದ್ದು ಏನಿದೆ?

ಇದನ್ನು ಹೇಳಿದಾಗ ಆ ಗೆಳೆಯ, 'ನಮ್ಮೂರಿನ ಮಾತನ್ನೂ ಹೀಗೇ ಕಾಮಿಡಿಗೆ ಬಳಸಿದ್ದಾರೆ' ಅಂದ. ಅಂದರೆ ಇಲ್ಲೂ ಆ ಚಾಳಿ ಇತ್ತು. ಆದರೆ ಇಡುಕ್ಕಿ, ಅಂಗಮಾಲಿ, ಮಲಪ್ಪುರಂ, ಹೀಗೆ ಒಂದೊಂದೇ ಊರು ತನ್ನ ಮಾತು, ಊಟ, ಜಗಳದ ಸಮೇತ ತೆರೆಗೆ ಬಂತು. ಮಲಪ್ಪುರಂ ಅಂದರೆ ಈಗ ಎಷ್ಟೋ ಜನರಿಗೆ ಮೊದಲು ಹೊಳೆಯುವುದು ಸೆವೆನ್ಸ್, ಅಂದರೆ ತಂಡಕ್ಕೆ ಏಳು ಜನ ಆಡುವ ಫುಟ್‌ಬಾಲ್.

ಸಿನಿಮಾ ಊರನ್ನು ತೋರಿಸುವುದಷ್ಟೇ ಅಲ್ಲ, ಬದಲಿಸುತ್ತದೆ ಕೂಡ. ಮಲಯಾಳದ್ದೇ 'ಸ್ಥಾನಾರ್ಥಿ ಶ್ರೀಕುಟ್ಟನ್' ನೋಡಿ. ಹಿಂದಿನ ಬೆಂಚಿನ ಹುಡುಗರ ಕಥೆ ಅದು. ಕೊನೆಗೆ ತರಗತಿಯ ಬೆಂಚುಗಳನ್ನು ಗೋಡೆಯ ಸುತ್ತ ಹಾಕುತ್ತಾರೆ, ಹಿಂದಿನ ಬೆಂಚು ಅನ್ನೋದೇ ಇರುವುದಿಲ್ಲ. 2025ರಲ್ಲಿ ಕೇರಳದ ಕೆಲವು ಶಾಲೆಗಳು ನಿಜವಾಗಿ ಹಾಗೇ ಮಾಡಿದವು.

ಊರಿನ ಮಾತಲ್ಲಿ ಸಿನಿಮಾ ನಮ್ಮಲ್ಲಿ ಆಗಲೇ ಇಲ್ಲ ಅಂತಲ್ಲ. 'ತಿಥಿ'ಯಲ್ಲಿ ಮಂಡ್ಯ ಕಡೆಯ ಹಳ್ಳಿಯವರೇ ತಮ್ಮ ಮಾತಲ್ಲೇ ನಟಿಸಿದರು. 2015ರಲ್ಲಿ ಲೊಕಾರ್ನೊ ಚಿತ್ರೋತ್ಸವದಲ್ಲಿ ಅದಕ್ಕೆ ಪ್ರಶಸ್ತಿ ಬಂತು. 'ತಿಂಗಳಾಳ್ಚ ನಿಶ್ಚಯಂ' ಮಾಡಿದ ಸೆನ್ನಾ ಹೆಗ್ಡೆ ಅವರೂ ಅದಕ್ಕೆ ಮುಂಚೆ, 2018ರಲ್ಲಿ, ಕನ್ನಡದಲ್ಲೇ ಒಂದು ಸಿನಿಮಾ ಮಾಡಿದ್ದರು. ಆಮೇಲೆ ತಮ್ಮ ಊರಿಗೆ, ಊರಿನ ಮಾತಿಗೆ ಮರಳಿದರು.

ಗದಗಿನ ಒಂದು ಮನೆ. ರೊಟ್ಟಿ ಬಡಿಯುವ ಸಪ್ಪಳ, ನಿಶ್ಚಯದ ಗದ್ದಲ, ಅಪ್ಪ ಮಗಳ ಜಗಳ, ಎಲ್ಲ ನಮ್ಮ ಮಾತಲ್ಲಿ. ಅಂಥದ್ದನ್ನು ಯಾರಾದರೂ ಮಾಡಿದರೆ ಈ ಗೆಳೆಯರನ್ನೆಲ್ಲ ಕೂರಿಸಿಕೊಂಡು ನೋಡುತ್ತೇನೆ. 'ಏನಂದ್ರು?' ಅಂತ ಎಷ್ಟು ಸಲ ಬೇಕಾದರೂ ಕೇಳಲಿ. ಹೇಳುತ್ತೇನೆ.