ಹತ್ತು ನಿಮಿಷದಲ್ಲಿ ಬಂದೆ ಸಾರ್

ಭಾನುವಾರ ಫೋನ್ ಮಾಡಿದಾಗ ಎಲೆಕ್ಟ್ರಿಷಿಯನ್ 'ಹತ್ತು ನಿಮಿಷದಲ್ಲಿ ಬಂದೆ ಸಾರ್' ಅಂದಿದ್ದ. ಬಂದದ್ದು ಬುಧವಾರ. ಅಷ್ಟು ದಿನ ನಮ್ಮ ಹಾಲಿನ ಫ್ಯಾನು ಐದರಲ್ಲಿಟ್ಟರೂ ಒಂದರಲ್ಲಿಟ್ಟ ಹಾಗೇ ತಿರುಗುತ್ತಿತ್ತು. ಕೆಳಗೆ ಕೂತು ರೆಕ್ಕೆ ಎಣಿಸಬಹುದಿತ್ತು.

ಸ್ಟೂಲ್ ಹತ್ತಿ, ಕಪ್ ಇಳಿಸಿ, 'ಕಂಡೆನ್ಸರ್ ವೀಕ್ ಆಗಿದೆ' ಅಂದ. ಜೇಬಿನಿಂದ ಪುಟ್ಟ ಪ್ಲಾಸ್ಟಿಕ್ ಡಬ್ಬಿಯೊಂದನ್ನು ತೆಗೆದು ಹಾಕಿದ. ಫ್ಯಾನು ಗಿರ್ರನೆ ತಿರುಗಿ ಟೀಪಾಯ್ ಮೇಲಿದ್ದ ಪೇಪರು ಹಾರಿಹೋಯಿತು.

ಹಳೇ ಕಂಡೆನ್ಸರ್ ನನ್ನ ಕೈಯಲ್ಲಿ ಉಳಿಯಿತು. 2.5 ಮೈಕ್ರೋಫ್ಯಾರಡ್ ಅಂತ ಬರೆದಿತ್ತು. ಅದನ್ನು ನೋಡುತ್ತಿದ್ದರೆ ಇನ್ನೊಂದು ಕಂಡೆನ್ಸರ್ ನೆನಪಾಯಿತು. 1985ರ 'ಬ್ಯಾಕ್ ಟು ದ ಫ್ಯೂಚರ್' ಸಿನಿಮಾದಲ್ಲಿ ಕಾರನ್ನು ಹಿಂದಿನ ಕಾಲಕ್ಕೂ ಮುಂದಿನ ಕಾಲಕ್ಕೂ ಕಳಿಸುವ ಫ್ಲಕ್ಸ್ ಕೆಪ್ಯಾಸಿಟರ್. ಕೆಪ್ಯಾಸಿಟರ್ ಅಂದರೂ ಕಂಡೆನ್ಸರ್ರೇ. ಒಂದು ಪುಸ್ತಕದ ಹೆಸರು, ಇನ್ನೊಂದು ಅಂಗಡಿಯ ಹೆಸರು.

ಅದು ಹುಟ್ಟಿದ ಕಥೆ ನನಗೆ ಬಲು ಇಷ್ಟ. 1955ರ ನವೆಂಬರ್ 5ರಂದು ಡಾಕ್ ಬ್ರೌನ್ ಎಂಬ ವಿಜ್ಞಾನಿ ಕಮೋಡಿನ ಮೇಲೆ ನಿಂತು ಗಡಿಯಾರ ತೂಗುಹಾಕುತ್ತಿರುತ್ತಾನೆ. ಪಿಂಗಾಣಿ ಒದ್ದೆ. ಕಾಲು ಜಾರಿ ತಲೆ ಸಿಂಕಿಗೆ ಬಡಿಯುತ್ತದೆ. ಎಚ್ಚರವಾದಾಗ ಕಣ್ಣ ಮುಂದೆ ಈ ಯಂತ್ರದ ಚಿತ್ರ! ಬಾತ್‌ರೂಮಿನಲ್ಲಿ ಗಡಿಯಾರ ಯಾಕೆ ಅಂತ ಮಾತ್ರ ಯಾರೂ ಕೇಳುವುದಿಲ್ಲ. ನಮ್ಮ ಮನೆಯಲ್ಲಾಗಿದ್ದರೆ ತಲೆಗೆ ಪಟ್ಟಿ ಕಟ್ಟುವ ಮುಂಚೆ ಅದನ್ನೇ ಕೇಳುತ್ತಿದ್ದರು. ಆ ಚಿತ್ರವನ್ನು ಯಂತ್ರವಾಗಿಸಲು ಅವನಿಗೆ ಸುಮಾರು 30 ವರ್ಷ ಹಿಡಿಯಿತು. ಮನೆತನದ ಆಸ್ತಿಯೂ ಕರಗಿತು.

ನೋಡಲು ಅದೊಂದು ಮೀಟರ್ ಬಾಕ್ಸ್. ಒಳಗೆ ಮಿನುಗುವ ಮೂರು ಕೊಳವೆ, ಇಂಗ್ಲಿಷಿನ ವೈ ಅಕ್ಷರದ ಹಾಗೆ. ತೆರೆಯುವ ಮುಂಚೆ ಸಂಪರ್ಕ ತಪ್ಪಿಸಿ ಅಂತ ಮೇಲೆ ಚೀಟಿ ಬೇರೆ. (ನಮ್ಮವನು ಮೇನ್ ಆಫ್ ಮಾಡದೇ ಕೈ ಹಾಕಿದ್ದ.) ಅದು ಹೇಗೆ ಕೆಲಸ ಮಾಡುತ್ತದೆ ಅಂತ ಸಿನಿಮಾ ಹೇಳುವುದಿಲ್ಲ. ಕಾಲಪ್ರಯಾಣ ಆಗೋದು ಇದರಿಂದಲೇ ಅಂತಾನೆ ಡಾಕ್, ನಾವು ತಲೆ ಆಡಿಸುತ್ತೇವೆ. ವಿವರಿಸಲು ಹೋಗಿದ್ದರೆ ಕೆಡುತ್ತಿತ್ತು, ಅಲ್ವಾ?

ಲೆಕ್ಕ ಮಾತ್ರ ಪಕ್ಕಾ. ಕಾರಿನ ವೇಗ ಗಂಟೆಗೆ 88 ಮೈಲಿ, ಅಂದರೆ ಸುಮಾರು 142 ಕಿಲೋಮೀಟರ್. ಬೇಕಾದ ಕರೆಂಟು 1.21 ಗಿಗಾವ್ಯಾಟ್, ಅಂದರೆ 1210 ಮೆಗಾವ್ಯಾಟ್. ನಮ್ಮ ಶರಾವತಿ ವಿದ್ಯುದಾಗಾರದ ಹತ್ತೂ ಯಂತ್ರ ಒಟ್ಟಿಗೆ ಓಡಿದರೂ ಸಿಗೋದು 1035 ಮೆಗಾವ್ಯಾಟ್. ಸಾಲದು! ಪ್ಲುಟೋನಿಯಂ ಎಂಬ ಅಣು ಇಂಧನ ಹಾಕಿದ ಕಾರಿನಲ್ಲಿ ಹಿಂದಿನ ಕಾಲಕ್ಕೆ ಹೋದ ಹುಡುಗ ವಾಪಸ್ ಬರಲು ಗಡಿಯಾರದ ಗೋಪುರಕ್ಕೆ ಹೊಡೆಯುವ ಸಿಡಿಲನ್ನೇ ತಂತಿಯಲ್ಲಿ ಇಳಿಸಿಕೊಳ್ಳಬೇಕಾಗುತ್ತದೆ.

ಆದರೆ ಕೈಯಲ್ಲಿದ್ದ ನನ್ನ ಕಂಡೆನ್ಸರ್ ಏನು ಕಮ್ಮಿ? ಫ್ಯಾನಿನ ಮೋಟಾರಿನಲ್ಲಿ ತಂತಿಯ ಸುತ್ತು ಎರಡು ಇರುತ್ತವೆ. ಎರಡರಲ್ಲೂ ಕರೆಂಟು ಒಂದೇ ತಾಳಕ್ಕೆ ಏರಿಳಿದರೆ ಮೋಟಾರು ಸುಮ್ನೆ ಗುಂಯ್ ಅನ್ನುತ್ತದೆ, ಹೊರಡುವುದಿಲ್ಲ. ಕಂಡೆನ್ಸರ್ ಒಂದು ಸುತ್ತಿನ ಕರೆಂಟನ್ನು ಇನ್ನೊಂದಕ್ಕಿಂತ ಕೊಂಚ ಮುಂದೆ ತಳ್ಳುತ್ತದೆ. ಹೆಚ್ಚೂಕಮ್ಮಿ ಸೆಕೆಂಡಿನ ಇನ್ನೂರರಲ್ಲೊಂದು ಭಾಗ. ಅಷ್ಟು ಹೊತ್ತಿನ ವ್ಯತ್ಯಾಸ ಸಾಕು, ರೆಕ್ಕೆ ತಿರುಗುತ್ತದೆ. ಸಿಡಿಲೂ ಬೇಡ, ಪ್ಲುಟೋನಿಯಮ್ಮೂ ಬೇಡ.

ಇದನ್ನೆಲ್ಲ ಎಲೆಕ್ಟ್ರಿಷಿಯನ್‌ಗೆ ಹೇಳೋಣ ಅನ್ನಿಸಿತು. ಅವನು ಆಗಲೇ ಚಪ್ಪಲಿ ಮೆಟ್ಟುತ್ತಿದ್ದ. ಅಡುಗೆಮನೆಯ ಎಕ್ಸಾಸ್ಟ್ ಫ್ಯಾನೂ ಸದ್ದು ಮಾಡ್ತಿದೆ, ಯಾವಾಗ ನೋಡ್ತೀಯಪ್ಪಾ ಅಂದೆ.

'ನಾಳೆ ಬೆಳಿಗ್ಗೆ ಬಂದೆ ಸಾರ್' ಅಂದ.